ನೂರೈವತ್ತು ಅಡಿಯ ಕಂಡಕ್ಟರ್

ಹೆಬ್ಬೆರಳ ಉಗುರಿಗಿಂತ ತುಸು ದೊಡ್ಡದಾದ ಒಂದು ಚಿತ್ರ. ಕಿಟಕಿಯ ಬೆಳಕಿಗೆ ಹಿಡಿದರೆ ಮಾತ್ರ ಕಾಣುತ್ತದೆ. ಬಸ್ಸಿನ ಬಾಗಿಲು ಅರ್ಧ ತೆರೆದಿದೆ. ಬಾಗಿಲಲ್ಲಿ ಖಾಕಿ ತೊಟ್ಟ ಕಂಡಕ್ಟರ್. ಅವನ ಎಡಗಾಲು ಮೆಟ್ಟಿಲ ಮೇಲಿದೆ. ಬಲಗಾಲು ನೆಲಕ್ಕೆಂದು ಹೊರಟು ಇನ್ನೂ ಗಾಳಿಯಲ್ಲಿದೆ. ಕಿವಿಯ ಸಂದಿನಲ್ಲಿ ಒಂದು ಪೆನ್ಸಿಲ್ಲು. ಕಂಕುಳಲ್ಲಿ ಯಾರದೋ ಬಟ್ಟೆಯ ಗಂಟು; ಕಟ್ಟಿದ ಸೆರಗಿನ ಎರಡು ತುದಿಗಳು ಮೊಲದ ಕಿವಿಗಳಂತೆ ನಿಮಿರಿವೆ. ಅವನ ಹಿಂದೆ, ಬಸ್ಸಿನ ಒಳಗಿನ ಕತ್ತಲೆಯಲ್ಲಿ, ಒಬ್ಬ ಮುದುಕಿಯ ಬಿಳಿಯ ಸೀರೆಯ ಅಂಚು ಮಾತ್ರ. ಅವನು ಹೊರಗೆ ನೋಡುತ್ತಿದ್ದಾನೆ. ಹೊರಗೆ ಒಂದು ಬೇವಿನ ಗಿಡ, ಗಿಡದ ಬುಡಕ್ಕೆ ನೆರಳು, ನೆರಳಿನಲ್ಲಿ ಯಾರೂ ಇಲ್ಲ. ಅವನ ಬಾಯಿ ತೆರೆದಿದೆ. ಮಾತು ಹೊರಟಿದೆ, ತಲುಪಿಲ್ಲ. ಚಿತ್ರದ ಎಡ ಅಂಚಿನ ತೂತುಗಳಲ್ಲಿ ಮೂರು, ಒಂದರೊಳಗೊಂದು ಹರಿದು, ಒಂದೇ ಗಾಯದಂತಾಗಿವೆ.

ಇಂಥ ಎರಡು ಸಾವಿರದ ನಾನೂರು ಚಿತ್ರಗಳ ಒಂದು ಸುರುಳಿ ನನ್ನ ಮನೆಯಲ್ಲಿ, ಬಿಸ್ಕತ್ತಿನ ತಗಡಿನ ಡಬ್ಬಿಯೊಂದರಲ್ಲಿ ಇದೆ. ಅಳತೆಗೆ ನೂರೈವತ್ತು ಅಡಿ. ಯಂತ್ರಕ್ಕೆ ಹಾಕಿದರೆ ಒಂದು ನಿಮಿಷ ನಲವತ್ತು ಸೆಕೆಂಡು ಓಡೀತು. ಆದರೆ ಅದು ಇನ್ನು ಯಾವ ಯಂತ್ರದಲ್ಲೂ ಓಡುವುದಿಲ್ಲ. ಓಡದಂತಾದುದಕ್ಕೆ ನಮ್ಮೂರಿನ ಪ್ರೀತಿಯೇ ಕಾರಣ. ಅದು ಈ ಡಬ್ಬಿಗೆ ಬಂದುದಕ್ಕೆ ನಾನು ಕಾರಣ.

ಕಂಡಕ್ಟರ್ ನನ್ನ ಗೆಳೆಯ ಖಾದರಬಾಷಾ. ಮಸ್ಕಿಯ ಬಜಾರಿನಲ್ಲಿ ದರ್ಜಿ. ನಾನು ಅದೇ ಊರಿನ ಹೈಸ್ಕೂಲಿನಲ್ಲಿ ಕನ್ನಡ ಮಾಸ್ತರನಾಗಿದ್ದೆ; ನನ್ನ ಎರಡು ಅಂಗಿಗಳ ಅಳತೆಯನ್ನು ಅವನು ಟೇಪು ಹಿಡಿಯದೆ ಹೇಳಬಲ್ಲವನಾಗಿದ್ದ. 1981ರಲ್ಲಿ, ಭತ್ತದ ಸುಗ್ಗಿ ಮುಗಿದು ಸಿಂಧನೂರಿನ ಅಕ್ಕಿ ಗಿರಣಿಗಳು ಹಗಲಿರುಳು ಗುಡುಗುತ್ತಿದ್ದ ದಿನಗಳಲ್ಲಿ, ಅಲ್ಲಿ ಒಂದು ನಾಟಕ ಕಂಪನಿ ಡೇರೆ ಹಾಕಿತ್ತು. ಖಾದರ ಅಲ್ಲಿಗೆ ಹೋದದ್ದು ರಾಜನ ನಿಲುವಂಗಿ ಹೊಲಿಯಲಿಕ್ಕೆ. ಮೂರನೆಯ ದಿನ ಸೈನಿಕನ ಪಾತ್ರದವನಿಗೆ ಜ್ವರ ಬಂತು. ಆ ಸೈನಿಕನ ಅಂಗಿ ಖಾದರನಿಗೆ ಸರಿಹೊಂದಿತು. ಅವನ ವೃತ್ತಿಜೀವನ ಆರಂಭವಾದುದು ಇಷ್ಟರಿಂದಲೇ: ಅಂಗಿ ಹೊಂದಿದ್ದರಿಂದ.

ಕಂಪನಿ ನಾಟಕದ ನಮ್ಮ ಭಾಗದ ಒಂದು ಪದ್ಧತಿಯನ್ನು ಇಲ್ಲಿ ಹೇಳಲೇಬೇಕು. ಒಂದು ಹಾಡೋ ಮಾತೋ ಮನಸ್ಸಿಗೆ ಹಿಡಿಸಿದರೆ ಜನ "ಒನ್ಸ್ ಮೋರ್" ಎಂದು ಕೂಗುತ್ತಾರೆ. ಕೂಗಿದರೆ ನಟ ಮತ್ತೊಮ್ಮೆ ಮಾಡಲೇಬೇಕು. ಸತ್ತಿದ್ದರೂ ಎದ್ದು ಮಾಡಬೇಕು. ಖಾದರನ ಸೈನಿಕ ಎರಡನೆಯ ಅಂಕದಲ್ಲಿ ಬಾಣ ತಾಗಿ ಬೀಳುತ್ತಿದ್ದ. ಬೀಳುವ ಮುನ್ನ ತನ್ನ ಮುಂಡಾಸನ್ನು ಬಿಚ್ಚಿ, ಮಡಚಿ, ಪಕ್ಕಕ್ಕಿಟ್ಟು ಬೀಳುತ್ತಿದ್ದ. ಯಾರೂ ಹೇಳಿಕೊಟ್ಟದ್ದಲ್ಲ. "ಸಾಯೋ ಮನುಷ್ಯಾಗೂ ತನ್ನ ಅರಿವಿ ಮ್ಯಾಲ ಕಾಳಜಿ ಇರ್ತೈತಿ, ಮಾಸ್ತರ" ಎಂದು ಅವನು ಆಮೇಲೆ ನನಗೆ ವಿವರಿಸಿದ. ಜನ ಆ ಮುಂಡಾಸಿಗೇ ಮರುಳಾದರು. ಒಂದು ಸಂಜೆ ಅವನು ನಾಲ್ಕು ಸಲ ಸತ್ತ.

ಅಲ್ಲಿಂದ ಸಿನಿಮಾ. ಮದ್ರಾಸು, ಬೆಂಗಳೂರು, ಮತ್ತೆ ಮದ್ರಾಸು. ಒಂಬತ್ತು ವರ್ಷಗಳಲ್ಲಿ ಮೂವತ್ತೊಂದು ಚಿತ್ರಗಳು. ಪೇದೆ, ಕಾವಲುಗಾರ, ಅಂಚೆಯವ, ಆಸ್ಪತ್ರೆಯಲ್ಲಿ ಸ್ಟ್ರೆಚರ್ ಹಿಡಿದ ಇಬ್ಬರಲ್ಲಿ ಹಿಂದಿನವ. ಚಿತ್ರೀಕರಣ ಮುಗಿದೊಡನೆ ಅವನು ಮಸ್ಕಿಗೆ ಬರುತ್ತಿದ್ದ, ಅಂಗಡಿಯ ಹಲಗೆಗಳನ್ನು ತೆಗೆಯುತ್ತಿದ್ದ, ಮೆಷಿನ್ನಿಗೆ ಎಣ್ಣೆ ಬಿಟ್ಟು ಕೂರುತ್ತಿದ್ದ. ಜನ ಕೆಣಕುತ್ತಿದ್ದರು. ನಾನೂ ಒಮ್ಮೆ ಕೇಳಿದ್ದೆ: ಇಷ್ಟು ದೂರ ಹೋಗಿ ಇಷ್ಟೇ ಇಷ್ಟು ಪಾತ್ರವೇ? ಅವನು ಹೊಲಿಯುತ್ತಿದ್ದ ಅಂಗಿಯ ಕಾಲರನ್ನು ತಿರುವಿ, ಒಳಗಿನ ಬಿರುಸಾದ ಬಟ್ಟೆಯನ್ನು ತೋರಿಸಿದ.

"ಇದು ಬಕ್ರಂ. ಹೊಲಿದ ಮ್ಯಾಲ ಯಾರಿಗೂ ಕಾಣಂಗಿಲ್ಲ. ಆದ್ರ ಇದಿಲ್ದ ಯಾವ ಹೀರೋನ ಕಾಲರೂ ನಿಲ್ಲಂಗಿಲ್ರಿ."

ಅವನ ಒಂದೇ ಒಂದು ಕೊರತೆಯನ್ನು ಅವನು ಹೇಳುತ್ತಿರಲಿಲ್ಲ. ಅವನ ಹೆಂಡತಿ ಅಖ್ತರಬೇಗಂ ಹೇಳುತ್ತಿದ್ದಳು. ಮೂವತ್ತೊಂದು ಚಿತ್ರಗಳಲ್ಲಿ ಒಂದರಲ್ಲೂ ಅವನ ದನಿ ಇರಲಿಲ್ಲ. ಅವನು ನಮ್ಮ ಕಡೆಯ ಮಾತಿನಲ್ಲಿ ಆಡುತ್ತಿದ್ದ. ಮುಂದೆ ಮದ್ರಾಸಿನ ಕೋಣೆಯೊಂದರಲ್ಲಿ ಇನ್ನಾರೋ ಕುಳಿತು, ಅವನ ತುಟಿಗಳನ್ನು ನೋಡುತ್ತ, ನಯವಾದ ಬೇರೊಂದು ಕನ್ನಡವನ್ನು ಅದರ ಮೇಲೆ ಹೊದಿಸುತ್ತಿದ್ದರು. ಅದಕ್ಕಾಗಿಯೇ ಖಾದರ ತನ್ನ ಚಿತ್ರಗಳನ್ನು ಊರಿನಲ್ಲಿ ನೋಡುತ್ತಿರಲಿಲ್ಲ.

"ಒಂಬತ್ತು ವರ್ಷ ಆತು ಮಾಸ್ತರ್ರ, ನನ್ನ ಗಂಡನ್ನ ನೋಡೀನಿ, ಕೇಳಿಲ್ಲ" ಎಂದು ಅಖ್ತರಬೇಗಂ ನಗುತ್ತ ಹೇಳುವಳು. "ಮನ್ಯಾಗ ಇಷ್ಟು ಮಾತಾಡೋ ಮನುಷ್ಯಾ, ಪರದೆ ಮ್ಯಾಲ ಯಾರದೋ ಹೊಟ್ಟಿಯಿಂದ ಮಾತಾಡ್ತಾನ."

ಮೂವತ್ತೊಂದನೆಯ ಚಿತ್ರದಲ್ಲಿ ಅವನು ಕಂಡಕ್ಟರ್. ಆ ಖಾಕಿಯನ್ನು ಅವನೇ ಹೊಲಿದುಕೊಂಡ. ಚಿತ್ರದವರು ಕೊಡುವ ಅಂಗಿ ತೊಟ್ಟರೆ ಬೇರೆ ಯಾರದೋ ಬೆವರಿನೊಳಗೆ ನಿಂತಂತಾಗುತ್ತದೆ ಎಂಬುದು ಅವನ ದೂರು. ಹೊಲಿಯುವ ಮುನ್ನ ಎಂಟು ದಿನ ಲಿಂಗಸುಗೂರು–ಸಿಂಧನೂರು ಬಸ್ಸಿನಲ್ಲಿ ಸುಮ್ಮನೆ ಓಡಾಡಿದ. ಏನನ್ನೂ ಹಿಡಿಯದೆ ಬಾಗಿಲಲ್ಲಿ ನಿಲ್ಲುವುದು ಹೇಗೆ, ಬಸ್ಸು ಪೂರ್ತಿ ನಿಲ್ಲುವ ಮುನ್ನ ಯಾವ ಕಾಲು ಮೊದಲು ಇಳಿಯುತ್ತದೆ, ತಗಡಿಗೆ ಅಂಗೈಯಿಂದ ಎಷ್ಟು ಸಲ ಬಡಿದರೆ ಡ್ರೈವರ್ ಹೊರಡುತ್ತಾನೆ, ಎಲ್ಲವನ್ನೂ ಕಲಿತ. ಕಂಡಕ್ಟರರು ಅವನನ್ನು ಟಿಕೆಟ್ ತಪಾಸಣೆಯವನೆಂದೇ ತಿಳಿದು ಎಂಟು ದಿನ ಬಹಳ ಗೌರವದಿಂದ ನಡೆಸಿಕೊಂಡರಂತೆ.

ಆ ದೃಶ್ಯ ಸಣ್ಣದು. ಮುದುಕಿಯೊಬ್ಬಳು ಬಹಳ ವರ್ಷಗಳ ಮೇಲೆ ಊರಿಗೆ ಬರುತ್ತಾಳೆ. ಅವಳಿಗೆ ಕಣ್ಣು ಮಂಜು. ಮಗ ಬಂದು ನಿಂತಿದ್ದಾನೆಯೇ ನೋಡು ಎಂದು ಕಂಡಕ್ಟರನನ್ನು ಕೇಳುತ್ತಾಳೆ. ಅವನು ನೋಡುತ್ತಾನೆ. ಯಾರೂ ಇಲ್ಲ. ನಿಂತಿದ್ದಾನೆ ಎನ್ನುತ್ತಾನೆ. ಬಸ್ಸನ್ನು ನಿಲ್ಲಿಸಿ, ಅವಳ ಗಂಟನ್ನು ಹಿಡಿದು, ಅವಳನ್ನು ಗಿಡದವರೆಗೆ ನಡೆಸಿಕೊಂಡು ಹೋಗುತ್ತಾನೆ. ಎಲ್ಲಿ ಮಗ ಎಂದರೆ, "ನಾನು ನಿಂತಿದ್ದೇನಲ್ಲಮ್ಮಾ" ಎನ್ನುತ್ತಾನೆ. ಕಥೆ ಮುಂದಕ್ಕೆ ಹೋಗುತ್ತದೆ; ಕಂಡಕ್ಟರ್ ಮತ್ತೆ ಬರುವುದಿಲ್ಲ.

1990ರ ಫೆಬ್ರವರಿಯಲ್ಲಿ, ಸಿಂಧನೂರು, ಲಿಂಗಸುಗೂರುಗಳಲ್ಲಿ ಓಡಿ ದಣಿದ ಆ ಚಿತ್ರದ ಪ್ರತಿ ಮಸ್ಕಿಯ ಹಳ್ಳದ ದಂಡೆಯ ಟೆಂಟ್ ಸಿನಿಮಾಕ್ಕೆ ಬಂತು. ಟೆಂಟಿನ ಆಪರೇಟರ್ ಸೂಗಪ್ಪ. ಹಿಂದೆ ನಾಟಕದ ಕಂಪನಿಯಲ್ಲಿ ಪರದೆ ಎಳೆಯುತ್ತಿದ್ದವನು. ಮೊದಲ ದಿನವೇ ಖಾದರನ ದೃಶ್ಯ ಮುಗಿಯುತ್ತಿದ್ದಂತೆ ನೆಲದ ಮೇಲೆ ಕುಳಿತ ಹೆಂಗಸರ ಕಡೆಯಿಂದ ಕೂಗೆದ್ದಿತು: "ಒನ್ಸ್ ಮೋರ್!" ಸೂಗಪ್ಪನಿಗೆ ಅದರಲ್ಲಿ ವಿಚಿತ್ರವೇನೂ ಕಾಣಲಿಲ್ಲ. ಯಂತ್ರ ನಿಲ್ಲಿಸಿದ, ಕೈಯಿಂದ ರೀಲನ್ನು ಹಿಂದಕ್ಕೆ ಸುತ್ತಿದ, ಮತ್ತೆ ಬಿಟ್ಟ. ಸತ್ತ ಸೈನಿಕ ಏಳಬಹುದಾದರೆ, ಹೋದ ಬಸ್ಸು ಹಿಂದಕ್ಕೆ ಬರಬಾರದೇಕೆ?

ಮೂರು ವಾರ ಹೀಗೆಯೇ ನಡೆಯಿತು. ದಿನಕ್ಕೆ ಎರಡಾಟ, ಆಟಕ್ಕೆ ಎರಡೋ ಮೂರೋ ಸಲ ಒನ್ಸ್ ಮೋರ್. ಮತ್ತೊಂದು ಸಂಗತಿಯೂ ನಡೆಯಿತು. ಜನ ಮದ್ರಾಸಿನ ದನಿಯನ್ನು ಬಿಟ್ಟು ಖಾದರನ ತುಟಿಗಳನ್ನು ಓದಲಾರಂಭಿಸಿದರು. ಅವನು ಅಲ್ಲಿ ನಿಜವಾಗಿ ಏನಂದಿದ್ದನೆಂಬುದು ನಮ್ಮವರಿಗೆ ತಿಳಿಯದೆ ಇದ್ದೀತೆ? ಮೂರನೆಯ ವಾರಕ್ಕೆ ಇಡೀ ಟೆಂಟು ಆ ಮಾತುಗಳನ್ನು ನಮ್ಮ ಮಾತಿನಲ್ಲೇ ಗಟ್ಟಿಯಾಗಿ ಹೇಳುತ್ತಿತ್ತು. ಪರದೆಯ ದನಿ ಎಲ್ಲಿಯೋ ಅಡಿಯಲ್ಲಿ ಮುಳುಗಿಹೋಗುತ್ತಿತ್ತು.

ಫಿಲ್ಮು ಆ ಪ್ರೀತಿಯನ್ನು ತಾಳಲಿಲ್ಲ. ಒಂದು ಶನಿವಾರ ರಾತ್ರಿಯ ಎರಡನೆಯ ಆಟದಲ್ಲಿ ಆ ಜಾಗ ಮೂರು ಸಲ ಹರಿಯಿತು. ಸೂಗಪ್ಪ ನನ್ನನ್ನು ಒಳಗೆ ಕರೆದು, ಯಂತ್ರದ ಹಲ್ಲುಗಳು ಹಿಡಿದೆಳೆಯುವ ಅಂಚಿನ ತೂತುಗಳನ್ನು ತೋರಿಸಿದ.

"ಏನ್ ಮಾಡಲ್ರಿ ಮಾಸ್ತರ? ಇನ್ನೊಮ್ಮೆ ಬಿಟ್ರ ಯಂತ್ರಕ್ಕ ಸಿಗಿಬಿದ್ದು ಸುಟ್ಟು ಕರ್ರಗಾಗ್ತೈತಿ. ನಮ್ಮ ಖಾದರ ಬೂದಿ ಆಗ್ತಾನ."

"ಹಂಗಾರ ಕತ್ತರಿಸಿ ತಗೀ. ಸುಡೋದ್ಕಿಂತ ಉಳಿಯೋದು ಚಲೋ. ನನ್ನ ಹತ್ರ ಇರಲಿ" ಎಂದೆ.

ಒಂದು ಕ್ಷಣವೂ ಯೋಚಿಸಲಿಲ್ಲ. ಒಂದು ಒಳ್ಳೆಯ ಸಾಲನ್ನು ಹಳೆಯ ಪತ್ರಿಕೆಯಿಂದ ಕತ್ತರಿಸಿಟ್ಟುಕೊಳ್ಳುವ ನನ್ನ ರೂಢಿಯೇ ಅಲ್ಲಿಯೂ ಮಾತಾಡಿತು. ಸೂಗಪ್ಪ ಕತ್ತರಿ ಆಡಿಸಿದ, ಎರಡು ತುದಿಗಳನ್ನು ಅಂಟಿಸಿದ, ನೂರೈವತ್ತು ಅಡಿಯ ಸುರುಳಿಯನ್ನು ನನ್ನ ಕೈಗಿಟ್ಟ. ಖಜಾನೆ ಹೊತ್ತವನಂತೆ ಮನೆಗೆ ನಡೆದೆ.

ಮರುದಿನ ಭಾನುವಾರ. ಬೆಳಿಗ್ಗೆಯೇ ಖಾದರ ಬಂದ. ಇಸ್ತ್ರಿಯ ಅಂಗಿ, ಎಣ್ಣೆ ಹಾಕಿ ಬಾಚಿದ ತಲೆ.

"ಮಾಸ್ತರ, ನಡೀರಿ, ಲಿಂಗಸುಗೂರಿಗೆ ಹೋಗಿ ಬರೋಣು. ಬೆಂಗಳೂರಿಂದ ಟೀವಿ ಧಾರಾವಾಹಿ ಮಾಡೋರು ಬಂದಾರ. ಮುದಗಲ್ ಕಿಲ್ಲೆದಾಗ ತಗೀತಾರಂತ. ಕಿಲ್ಲೆ ಬಾಗಲ ಕಾಯೋ ಮುದುಕಂದು ಒಂದು ಪಾತ್ರ ಐತಿ. ಹದಿಮೂರು ವಾರನೂ ಬರ್ತೈತಿ. ಮತ್ತ..." ಅವನು ತಡೆದ. "ಅಲ್ಲಿ ಡಬ್ಬಿಂಗ್ ಇಲ್ಲಂತ್ರಿ. ಮಾತಾಡಿದವರ ದನಿನ ಇರ್ತೈತಂತ."

ಬಾಗಿಲಲ್ಲಿ ಅಖ್ತರಬೇಗಂ ಕೂಡ ನಿಂತಿದ್ದಳು. ಅವಳೇ ಉಳಿದುದನ್ನು ಹೇಳಿದಳು.

"ಇವರಿಗೆ ಐವತ್ತು ತುಂಬ್ತು ಮಾಸ್ತರ್ರ. ಇದು ಸಿಗಲಿಲ್ಲಂದ್ರ ಇನ್ನ ಬೆಂಗಳೂರು, ಮದ್ರಾಸು ಎಲ್ಲಾ ಬಂದ್, ಮೆಷಿನ್ ಮುಂದ ಕೂಡ್ತೀನಿ ಅಂತ ರಾತ್ರಿ ಹೇಳ್ಯಾರ. ನಾ ಏನೂ ಅಂದಿಲ್ಲ. ನೀವು ನಾಕು ಚಲೋ ಮಾತು ಹೇಳ್ರಿ ಆ ಸಾಹೇಬ್ರಿಗೆ."

ಲಿಂಗಸುಗೂರಿನ ಪ್ರವಾಸಿ ಬಂಗಲೆಯ ಜಗುಲಿಯಲ್ಲಿ ನಿರ್ದೇಶಕರು ಕುಳಿತಿದ್ದರು. ತೆಳ್ಳಗಿನ, ನರೆತ ಗಡ್ಡದ, ಕಡಿಮೆ ಮಾತಿನ ಮನುಷ್ಯ. ಖಾದರನನ್ನು ಕೂರಿಸಿ, ಮುಖವನ್ನು ಬಹಳ ಹೊತ್ತು ನೋಡಿದರು.

"ಮೂವತ್ತೊಂದು ಸಿನಿಮಾ ಅಂತೀರಿ. ಆದರೆ ನಿಮ್ಮನ್ನ ನೋಡಿದ ನೆನಪೇ ಇಲ್ವಲ್ಲ."

"ಯಾರಿಗೂ ಇರಂಗಿಲ್ರಿ ಸಾಹೇಬ್ರ. ನೆನಪು ಉಳೀಬಾರದು ಅಂತನ ನಮ್ಮನ್ನ ಹಾಕ್ಕೋತಾರ."

ನಿರ್ದೇಶಕರು ಮೊದಲ ಸಲ ನಕ್ಕರು. ಆದರೆ ಮಾತು ಸ್ಪಷ್ಟವಾಗಿಯೇ ಹೇಳಿದರು: ಆ ಪಾತ್ರಕ್ಕೆ ಬೆಂಗಳೂರಿನ ರಂಗನಟರೊಬ್ಬರನ್ನು ಹೆಚ್ಚುಕಡಿಮೆ ಗೊತ್ತು ಮಾಡಿಯಾಗಿದೆ, ನಾಳೆ ಬೆಳಿಗ್ಗೆ ನಾವು ಹಿಂದಿರುಗುತ್ತೇವೆ, ಖಾದರ ಮಾಡಿದ ಏನನ್ನಾದರೂ ಕಣ್ಣಾರೆ ನೋಡದೆ ನಿರ್ಧಾರ ಬದಲಿಸಲಾರೆ.

"ಇವತ್ತ ನೋಡ್ರಿ!" ಎಂದು ಖಾದರ ಎದ್ದೇ ನಿಂತ. "ನಮ್ಮೂರ ಟೆಂಟಿನಾಗ ಐತಿ. ಸಂಜೀ ಆಟಕ್ಕ. ಸಣ್ಣದ ಐತ್ರಿ, ಒಂದು ಕಂಡಕ್ಟರಂದು. ಆದ್ರ ಅದು ನೋಡಿದ್ರ ಸಾಕು. ಅದರಾಗ ನಾ ಪೂರಾ ಅದೀನಿ."

ಹೇಳಬೇಕಿತ್ತು. ಆದರೆ ಒಂಬತ್ತು ವರ್ಷಗಳಲ್ಲಿ ಮೊದಲ ಬಾರಿಗೆ ಅವನ ಬಾಯಿಂದ "ನಾ ಪೂರಾ ಅದೀನಿ" ಎಂಬ ಮಾತು ಬಂದಿತ್ತು. ಅದರ ಎದುರಿಗೆ "ಅದು ನನ್ನ ಡಬ್ಬಿಯಲ್ಲಿದೆ" ಎಂದು ಹೇಳುವ ಧೈರ್ಯ ನನಗಾಗಲಿಲ್ಲ. ಸೂಗಪ್ಪ ಹೇಗೋ ಅಂಟಿಸಿಯಾನು ಎಂದು ಮನಸ್ಸಿಗೆ ಸುಳ್ಳು ಹೇಳಿಕೊಂಡೆ. ನಾಲ್ಕು ಒಳ್ಳೆಯ ಮಾತು ಹೇಳಲು ಹೋದವನು ಒಂದನ್ನೂ ಹೇಳದೆ ಅವರ ಜೀಪಿನಲ್ಲಿ ಕುಳಿತು ಮಸ್ಕಿಗೆ ಬಂದೆ.

ಅವರು ಚಹಾ ಕುಡಿಯುವಷ್ಟರಲ್ಲಿ ಡಬ್ಬಿ ಹಿಡಿದು ಸೂಗಪ್ಪನ ಕೋಣೆಗೆ ಓಡಿದೆ.

"ಹೆಂಗರ ಮಾಡಿ ಸೇರಿಸೋ ಸೂಗಪ್ಪಾ."

ಸೂಗಪ್ಪ ಸುರುಳಿಯನ್ನು ದೀಪಕ್ಕೆ ಹಿಡಿದು ಒಂದೊಂದೇ ಅಂಚನ್ನು ಉಗುರಿನಿಂದ ತೋರಿಸಿದ. "ಇಲ್ಲಿ ಮೂರು, ಇಲ್ಲಿ ನಾಕು, ಇಲ್ನೋಡ್ರಿ ಅಂಚ ಇಲ್ಲ. ಹಲ್ಲಿಗೆ ಹಿಡಿಯೋದು ಏನೈತಿ? ಹಲ್ಲಿಲ್ದ ಮುದುಕಿಗಿ ರೊಟ್ಟಿ ಕೊಟ್ಟಂಗಾಗ್ತೈತಿ." ಆಮೇಲೆ ನನ್ನ ಮುಖ ನೋಡಿ ದನಿ ತಗ್ಗಿಸಿದ. "ಖಾದರಗ ಹೇಳೀರಿ?"

ಹೇಳಿರಲಿಲ್ಲ.

ಆಟ ಆರಂಭವಾಯಿತು. ನಿರ್ದೇಶಕರು ಮುಂದಿನ ಕುರ್ಚಿಯಲ್ಲಿ, ಪಕ್ಕದಲ್ಲಿ ಖಾದರ. ನಾನು ಅವರ ಹಿಂದೆ. ಹೆಂಗಸರ ಕಡೆ ನೆಲದ ಮೇಲೆ ಅಖ್ತರಬೇಗಂ, ಅವಳ ಪಕ್ಕದಲ್ಲಿ ಬಳೆ ಮಾರುವ ಮುದುಕಿ ಪೀರ್‌ಬೀ. ಒಂದು ಆಟವನ್ನೂ ತಪ್ಪಿಸದವಳು. ಖಾದರನ ಕತ್ತಿನ ಹಿಂಭಾಗವನ್ನೇ ನೋಡುತ್ತ ಒಂದು ಗಂಟೆ ಕಳೆದೆ. ಹೊಸದಾಗಿ ಕ್ಷೌರ ಮಾಡಿಸಿದ ಆ ಕತ್ತು ಬೆಳಕು ಬಂದಾಗಲೆಲ್ಲ ಶಾಲೆಯ ಮೊದಲ ದಿನದ ಹುಡುಗನ ಕತ್ತಿನಂತೆ ಕಾಣುತ್ತಿತ್ತು.

ಪರದೆಯ ಮೇಲೆ ಧೂಳೆಬ್ಬಿಸುತ್ತ ಬಸ್ಸು ಬಂತು. ಖಾದರ ನಿರ್ದೇಶಕರ ಕಡೆ ತುಸು ಬಾಗಿದ. ಬಸ್ಸು ನಿಂತಿತು. ಒಂದು ಸಣ್ಣ ನೆಗೆತ. ಮುಂದಿನ ಕ್ಷಣ ಮುದುಕಿ ಗಿಡದ ಕೆಳಗೆ ಒಬ್ಬಳೇ ನಿಂತಿದ್ದಳು, ಬಸ್ಸು ಹೋಗಿಬಿಟ್ಟಿತ್ತು.

ಪೀರ್‌ಬೀಯ ದನಿ ಕತ್ತಲನ್ನು ಸೀಳಿತು.

"ಏ ಸೂಗ್ಯಾ! ನಮ್ಮ ಖಾದರ ಎಲ್ಲಿ ಹೋದ್ನೋ? ಮುದುಕಿ ಒಬ್ಬಾಕೀನ ಬಸ್ಸಿಂದ ಹಾರಿದ್ಲೇನೋ?"

ಸೀಟಿ, ಕೂಗು, ಚಪ್ಪಲಿಯ ಸದ್ದು. ಯಂತ್ರ ನಿಂತಿತು. ದೀಪಗಳು ಹತ್ತಿದವು. ಸೂಗಪ್ಪ ಕೈಮುಗಿದುಕೊಂಡು ಹೊರಬಂದ.

"ನೀವ ಹರದೀರಿ! ದಿನಾ ಒನ್ಸ್ ಮೋರ್, ಒನ್ಸ್ ಮೋರ್! ಅದೇನು ಫಿಲ್ಮೋ ಹಗ್ಗನೋ? ಸುಟ್ಟು ಹೋಗಬಾರದಂತ ಕತ್ತರಿಸಿ ತಗದೀನಿ."

ಅವನು ನನ್ನ ಹೆಸರು ಹೇಳಲಿಲ್ಲ. ಖಾದರ ಹಿಂದಕ್ಕೆ ತಿರುಗಿ ನೋಡಿದಂತಾಯಿತು; ನಾನು ತಲೆ ತಗ್ಗಿಸಿದ್ದೆ. ನಿರ್ದೇಶಕರು ಕೈಗಡಿಯಾರ ನೋಡಿಕೊಂಡರು. ಅದರಲ್ಲಿ ಅಸಹನೆ ಇರಲಿಲ್ಲ, ಒಂದು ಬಗೆಯ ಸಂಕೋಚವಿತ್ತು. ಎದ್ದುಹೋಗಲು ಒಂದು ನೆಪಕ್ಕಾಗಿ ಕಾಯುವ ಸಭ್ಯ ಮನುಷ್ಯನ ಸಂಕೋಚ.

ಆಗ ಪೀರ್‌ಬೀ ಎದ್ದು ನಿಂತಳು. ಕುಳಿತುಕೊಳ್ಳಲು ತಂದ ಗೋಣಿಚೀಲವನ್ನು ಮಡಚಿ ಗಂಟಿನಂತೆ ಕಂಕುಳಿಗೆ ಸೇರಿಸಿದಳು. ಕಣ್ಣು ಕಿರಿದು ಮಾಡಿ, ಕತ್ತು ಮುಂದೆ ಚಾಚಿ, ನೂರು ಸಲ ಕೇಳಿ ಬಾಯಿಗೆ ಬಂದ ಮಾತನ್ನು ಆಡಿದಳು:

"ಕಂಡಕ್ಟರಪ್ಪಾ, ನನ್ನ ಮಗ ಬಂದು ನಿಂತಾನೇನು, ಜರಾ ನೋಡಪ್ಪಾ."

ಯಾರೋ ನಕ್ಕರು. ನಗೆ ಅಲ್ಲಿಗೇ ನಿಂತಿತು. ಖಾದರ ಎದ್ದಿದ್ದ.

ಅವನು ವೇದಿಕೆಗೆ ಹೋಗಲಿಲ್ಲ. ಅಲ್ಲಿ ವೇದಿಕೆಯೂ ಇರಲಿಲ್ಲ. ಕುರ್ಚಿ ಮತ್ತು ನೆಲದ ನಡುವಿನ ಕಿರುದಾರಿಯಲ್ಲಿ ಏನನ್ನೂ ಹಿಡಿಯದೆ ನಿಂತ. ಕಾಲ ಕೆಳಗಿನ ನೆಲ ಬಸ್ಸಿನ ಹಲಗೆಯಂತೆ ತುಸು ಅದುರಿತೆಂದು ನನಗನಿಸಿತು. ಕೈ ತಂತಾನೇ ಕಿವಿಗೆ ಹೋಗಿ, ಇಲ್ಲದ ಪೆನ್ಸಿಲ್ಲನ್ನು ಸರಿಪಡಿಸಿತು. ಹೊರಗೆ ನೋಡಿದ. ಟೆಂಟಿನ ಬಾಯಲ್ಲಿ ಮಬ್ಬು ಸಂಜೆ, ಅದರಾಚೆ ಹಳ್ಳ. ಅವನು ನೋಡುತ್ತಲೇ ಇದ್ದ. ಇಡೀ ಟೆಂಟು ಆ ಕಡೆ ತಿರುಗಿ ನೋಡಿತು. ಯಾರೂ ಇಲ್ಲವೆಂಬುದು ಇಷ್ಟು ಸ್ಪಷ್ಟವಾಗಿ ನನಗೆ ಎಂದೂ ಕಂಡಿಲ್ಲ.

"ನಿಂತಾನಬೇ ಯವ್ವಾ" ಎಂದ. ಮೆಲ್ಲಗೆ, ಬೆನ್ನ ಹಿಂದಿನವಳಿಗೆ ಮುಖ ತೋರಿಸದೆ. "ಗಿಡದ ಬುಡಕ್ಕ ನಿಂತಾನ. ನಿನ್ನ ನೋಡಿ ನಗಾಕತ್ತಾನ."

"ಛತ್ರಿ ತಂದಾನೇನು? ಬಿಸಲು ಭಾಳ ಐತಿ."

"ತಂದಾನ. ಕರೀ ಛತ್ರಿ. ಹಗುರಕ ಇಳಿ. ಆ ಗಂಟು ಇತ್ತಾಗ ಕೊಡು."

ಅವಳ ಗೋಣಿಚೀಲವನ್ನು ಅವನು ಕಂಕುಳಿಗೆ ಹಿಡಿದ. ಇನ್ನೊಂದು ಕೈಯಿಂದ ಅವಳ ಮೊಣಕೈ. ಜನ ಕಾಲು ಮಡಚಿ ದಾರಿ ಬಿಟ್ಟರು. ಟೆಂಟಿನ ನಡುಗಂಬದವರೆಗೆ ಇಬ್ಬರೂ ನಡೆದರು, ಹತ್ತು ಹೆಜ್ಜೆ. ಆ ಹತ್ತು ಹೆಜ್ಜೆಗಳಿಗೆ ಅವನು ತೆಗೆದುಕೊಂಡ ಹೊತ್ತು ಯಾವ ಫಿಲ್ಮಿನಲ್ಲೂ ಇರಲಾರದು.

"ಎಲ್ಲಿ ಅದಾನಪ್ಪಾ?" ಎಂದು ಪೀರ್‌ಬೀ ಗಾಳಿಯಲ್ಲಿ ಕೈಯಾಡಿಸಿದಳು.

ಅವನು ಗಂಟನ್ನು ಕೆಳಗಿಟ್ಟ. ಇಟ್ಟ ಮೇಲೆ ಅದರ ಸುಕ್ಕನ್ನು ಅಂಗೈಯಿಂದ ನೀವಿದ. ದರ್ಜಿಯ ಕೈ.

"ನಾ ನಿಂತೀನಲ್ಲ, ಯವ್ವಾ."

ಚಿತ್ರದ ದೃಶ್ಯ ಇಲ್ಲಿಗೆ ಮುಗಿಯಬೇಕು. ಆದರೆ ಪೀರ್‌ಬೀ ಅವನ ಕೆನ್ನೆಗಳನ್ನು ಎರಡೂ ಕೈಯಿಂದ ಸವರಿ, ತನ್ನ ಹಣೆಯ ಪಕ್ಕಕ್ಕೆ ಬೆರಳುಗಳನ್ನೊತ್ತಿ ನೆಟಿಗೆ ಮುರಿದಳು. "ಅಲ್ಲಾ ನಿನ್ನ ಚಲೋ ಇಡಲಿ. ನಿಂತೀದಿ ಬಿಡು, ನನ್ನ ರಾಜಾ" ಎಂದಳು. ಅದು ಚಿತ್ರದಲ್ಲಿ ಇರಲಿಲ್ಲ.

ಗುಡುಗು ಬಿದ್ದಂತೆ ಕೂಗೆದ್ದಿತು: "ಒನ್ಸ್ ಮೋರ್! ಒನ್ಸ್ ಮೋರ್!"

ಖಾದರ ಅವರ ಕಡೆ ತಿರುಗಿದ. ಕಣ್ಣು ತುಂಬಿತ್ತು, ದನಿ ಕಂಡಕ್ಟರನದೇ.

"ಏ, ಒನ್ಸ್ ಮೋರ್ ಇಲ್ಲ, ಏನಿಲ್ಲ! ಬಸ್ಸು ಮೊದಲ ಲೇಟಾಗೈತಿ!" ಕಂಬಕ್ಕೆ ಅಂಗೈಯಿಂದ ಎರಡು ಸಲ ಬಡಿದ. "ರೈಟ್, ರೈಟ್!"

ಸೂಗಪ್ಪ ನಗುತ್ತ ಓಡಿ ಯಂತ್ರ ಬಿಟ್ಟ. ದೀಪ ಆರಿತು.

ಆಟ ಮುಗಿದ ಮೇಲೆ ಚಹಾದ ಅಂಗಡಿಯ ಮುಂದೆ ನಿರ್ದೇಶಕರು ಬಟ್ಟಲನ್ನು ತಿರುವುತ್ತ ಖಾದರನನ್ನು ಕೇಳಿದರು.

"ಫಿಲ್ಮಿನಲ್ಲೂ ಹೀಗೇ ಇತ್ತಾ?"

"ಇಲ್ರಿ. ಫಿಲ್ಮಿನಾಗ ಬಾಯಿ ನಂದು, ದನಿ ಮದ್ರಾಸಿನ ಯಾರದೋ. ಮೂವತ್ತೊಂದು ಸಿನಿಮಾ ಆತು, ನನ್ನ ದನೀನ ನಾನು ಇನ್ನೂ ಭೆಟ್ಟಿ ಆಗಿಲ್ರಿ."

"ಆ ಹೊರಗೆ ನೋಡೋದು. ಅಷ್ಟು ಹೊತ್ತು ನೋಡು ಅಂತ ಯಾರು ಹೇಳಿದ್ರು?"

"ಯಾರೂ ಇಲ್ರಿ. ಸುಳ್ಳು ಹೇಳೋ ಮೊದ್ಲು ಖರೇ ಇರಬಹುದೇನೋ ಅಂತ ಒಮ್ಮೆ ನೋಡಬೇಕಲ್ರಿ."

ನಿರ್ದೇಶಕರು ಬಟ್ಟಲನ್ನು ಕೆಳಗಿಟ್ಟರು. "ಹತ್ತು ದಿನ ಬಿಟ್ಟು ಬೆಂಗಳೂರಿಗೆ ಬನ್ನಿ. ಮಾತಿನ ತಾಲೀಮು ಇರುತ್ತೆ. ನಿಮ್ಮ ಮಾತಿನ ಒಂದಕ್ಷರವನ್ನೂ ಬದಲಿಸಬೇಡಿ. ಪಾತ್ರ ದೊಡ್ಡದಲ್ಲ, ತಿಳ್ಕೊಳ್ಳಿ. ಹದಿಮೂರು ವಾರವೂ ಬಾಗಿಲಲ್ಲಿ ನಿಂತಿರೋದು, ಅಷ್ಟೆ."

"ಬಾಗಲದಾಗ ನಿಲ್ಲೋದು ನನಗ ರೂಢಿ ಐತ್ರಿ" ಎಂದ ಖಾದರ.

ಜೀಪು ಹೋದ ಮೇಲೆ ಅಖ್ತರಬೇಗಂ ಹತ್ತಿರ ಬಂದಳು. ಅವನ ಮುಖವನ್ನೇ ನೋಡುತ್ತ, ಒಂದೇ ಮಾತು ಹೇಳಿದಳು: "ಕೇಳಿದೆ." ಆಮೇಲೆ ಸೆರಗನ್ನು ಸರಿಮಾಡಿಕೊಂಡು, "ನಡೀರಿ, ರೊಟ್ಟಿ ಆರ್ತಾವ" ಎಂದಳು.

ಮುಂದಿನ ವರ್ಷ ಆ ಧಾರಾವಾಹಿ ಬಂದಾಗ ಪಂಚಾಯ್ತಿಯ ಟೀವಿಯ ಮುಂದೆ ಮಸ್ಕಿ ಹದಿಮೂರು ವಾರ ಕುಳಿತಿತು. ಪಾಮನಕಲ್ಲೂರಿನ ಜನ ಎತ್ತಿನ ಬಂಡಿ ಕಟ್ಟಿಕೊಂಡು ಬಂದರು. ಕೋಟೆಯ ಬಾಗಿಲಲ್ಲಿ ಒಬ್ಬ ಮುದುಕ ನಿಂತು, ಬಂದವರನ್ನೂ ಹೋದವರನ್ನೂ ನಮ್ಮ ಮಾತಿನಲ್ಲಿ ಕೇಳುತ್ತಿದ್ದ. ಆ ತೊಂಬತ್ತರ ದಶಕದಲ್ಲಿ ಅವನು ಇನ್ನೂ ಅನೇಕ ಬಾಗಿಲುಗಳಲ್ಲಿ ನಿಂತ. ಆದರೆ ನನಗೆ ಎಲ್ಲಕ್ಕಿಂತ ಹೆಚ್ಚಾಗಿ ನೆನಪಿರುವುದು ಅವನು ಮೊದಲ ಸಲ ತನ್ನ ದನಿಯನ್ನು ತೆಗೆದುಕೊಂಡು ಊರು ಬಿಟ್ಟ ಬೆಳಿಗ್ಗೆ.

ಬಸ್ ನಿಲ್ದಾಣಕ್ಕೆ ನಾನು ಬಿಸ್ಕತ್ತಿನ ಡಬ್ಬಿಯನ್ನು ಹಿಡಿದು ಹೋಗಿದ್ದೆ. ಹತ್ತು ದಿನ ಗಂಟಲಲ್ಲಿದ್ದುದನ್ನು ಹೇಳಿದೆ: ಕತ್ತರಿಸಲು ಹೇಳಿದವನು ನಾನು, ಲಿಂಗಸುಗೂರಿನಲ್ಲಿ ಬಾಯಿ ಬಿಡದವನೂ ನಾನು.

ಖಾದರ ನಕ್ಕ. "ಗೊತ್ತೈತ್ರಿ ಮಾಸ್ತರ. ಅವತ್ತ ಸೂಗಪ್ಪ ಕೈಮುಗಿದು ನಿಂತಾಗ ನೀವು ನಿಮ್ಮ ಚಪ್ಪಲಿ ನೋಡ್ಕೋತ ಕುಂತಿದ್ರಿ. ಒಂಬತ್ತು ವರ್ಷ ಮಂದಿ ಮುಖ ನೋಡಿನ ಹೊಟ್ಟಿ ತುಂಬಿಸಿಕೊಂಡೀನಿ, ಅಷ್ಟು ತಿಳೀಲಿಲ್ಲಂದ್ರ ನಾ ಎಂಥ ಆಕ್ಟರ್?"

"ಇದನ್ನ ನೀನ ಇಟ್ಕೋ."

ಅವನು ಮುಚ್ಚಳ ತೆರೆದು, ಸುರುಳಿಯ ತುದಿಯನ್ನು ಬೆಳಗಿನ ಬಿಸಿಲಿಗೆ ಹಿಡಿದು, ಒಂದು ಕಣ್ಣು ಮುಚ್ಚಿ ನೋಡಿದ. ಒಂದು ಕಾಲು ಗಾಳಿಯಲ್ಲಿದ್ದ ತನ್ನನ್ನೇ ನೋಡಿದ. ಮತ್ತೆ ಜೋಪಾನವಾಗಿ ಸುತ್ತಿ, ಮುಚ್ಚಳ ಹಾಕಿ, ಡಬ್ಬಿಯನ್ನು ನನ್ನ ಕೈಗಿಟ್ಟ.

"ನಿಮ್ಮ ಹತ್ರನ ಇರಲಿ. ಇವಂಗ ದನಿ ಇಲ್ಲ. ನಾ ದನಿ ಇದ್ದಲ್ಲಿಗೆ ಹೊಂಟೀನಿ."

ಬಸ್ಸು ಬಂತು. ಬಾಗಿಲಲ್ಲಿದ್ದ ಕಂಡಕ್ಟರ್, ಅವನಿಗೆ ಎಂಟು ದಿನ ತಪಾಸಣೆಯವನೆಂದು ಸಲಾಮು ಹೊಡೆದವರಲ್ಲಿ ಒಬ್ಬ, ಗುರುತು ಹಿಡಿದು ಕೆಳಗಿಳಿದ. ಖಾದರನ ಟ್ರಂಕನ್ನು ತಾನೇ ಎತ್ತಿಕೊಂಡ.

"ಹತ್ರೀ ಸಾಹೇಬ್ರ. ಹಗುರಕ. ಇವತ್ತು ಬಾಗಲದಾಗ ನಾ ನಿಲ್ತೀನಿ, ನೀವು ಕುಂದರ್ರಿ."

ಖಾದರಬಾಷಾ ಎಡಗಾಲನ್ನು ಮೆಟ್ಟಿಲ ಮೇಲಿಟ್ಟ. ಬಲಗಾಲು ನೆಲ ಬಿಟ್ಟಿತು, ಒಂದು ಗಳಿಗೆ ಗಾಳಿಯಲ್ಲಿತ್ತು, ಒಳಗೆ ಹೋಯಿತು. ಕಂಡಕ್ಟರ್ ತಗಡಿಗೆ ಎರಡು ಸಲ ಬಡಿದು, 'ರೈಟ್' ಎಂದು, ಬಾಗಿಲನ್ನು ಎಳೆದು ಮುಚ್ಚಿದ.